ಸಹಾಯ ಬೇಕು: ಈ ಶೇಕಡಾ ಲೆಕ್ಕದ ಗರಿಷ್ಠ ಉತ್ತರ 70 ಏಕೆ ಆಗುವುದಿಲ್ಲ?

ಎಲ್ಲರಿಗೂ ನಮಸ್ಕಾರ. ಕಲಬುರಗಿಯಲ್ಲಿ ಬ್ಯಾಂಕ್ ಪರೀಕ್ಷೆಗೆ ಓದುತ್ತಿರುವ ನನ್ನ ತಮ್ಮನಿಗೆ ಗಣಿತ ಹೇಳಿಕೊಡುತ್ತಿದ್ದೇನೆ. ಒಂದು ಲೆಕ್ಕ ನಮ್ಮಿಬ್ಬರನ್ನೂ ಕಾಡುತ್ತಿದೆ.

ಒಂದು ಊರಿನಲ್ಲಿ 200 ಕುಟುಂಬಗಳಿವೆ. ಶೇ. 80ರಷ್ಟು ಕುಟುಂಬಗಳು ತೊಗರಿ, ಶೇ. 75ರಷ್ಟು ಜೋಳ, ಶೇ. 70ರಷ್ಟು ಹತ್ತಿ ಬೆಳೆಯುತ್ತವೆ. ಮೂರರಲ್ಲಿ ಒಂದನ್ನೂ ಬೆಳೆಯದವರು ಸರಿಯಾಗಿ ಶೇ. 10. ಮೂರನ್ನೂ ಬೆಳೆಯುವವರು ಕನಿಷ್ಠ ಎಷ್ಟು, ಗರಿಷ್ಠ ಎಷ್ಟು?

ಕನಿಷ್ಠದ ದಾರಿ ಸಿಕ್ಕಿದೆ. ಬೆಳೆಯುವವರನ್ನು ಬಿಟ್ಟು ಆಯಾ ಬೆಳೆ ಬೆಳೆಯದವರನ್ನು ಶೇಕಡಾದಲ್ಲಿ ಎಣಿಸಬೇಕು: 20, 25, 30. ಏನನ್ನೂ ಬೆಳೆಯದ 10 ಈ ಮೂರರಲ್ಲೂ ಸೇರಿದೆ. ಅದನ್ನು ತೆಗೆದರೆ 10, 15, 20. ಇವರೆಲ್ಲ ಬೇರೆ ಬೇರೆ ಕುಟುಂಬಗಳೇ ಆದರೆ ಒಟ್ಟು 45. ಉಳಿದ 90ರಲ್ಲಿ 45 ಕಳೆದರೆ ಶೇ. 45, ಅಂದರೆ 90 ಕುಟುಂಬ. ತುಂಬ ಚೆಂದದ ಯುಕ್ತಿ ಇದು, ತಮ್ಮನಿಗೂ ಕೂಡಲೇ ಹಿಡಿಸಿತು.

ತೊಡಕಿರುವುದು ಗರಿಷ್ಠದಲ್ಲಿ. ಅತಿ ಚಿಕ್ಕ ಗುಂಪು ಹತ್ತಿಯದು, ಆದ್ದರಿಂದ 70 ಎಂಬುದು ತಮ್ಮನ ವಾದ. ಕೊಟ್ಟಿರುವ ಉತ್ತರ ಶೇ. 67.5, ಅಂದರೆ 135 ಕುಟುಂಬ. 70 ಎಂದು ಇಟ್ಟುಕೊಂಡರೆ ತೊಗರಿಯಲ್ಲಿ 10, ಜೋಳದಲ್ಲಿ 5 ಮಾತ್ರ ಉಳಿದು ಒಟ್ಟು 85ಕ್ಕೇ ನಿಲ್ಲುತ್ತದೆ. ಏನಾದರೂ ಬೆಳೆಯುವವರ ಶೇ. 90 ತುಂಬುವುದೇ ಇಲ್ಲ. ಹಾಗಾಗಿ 70 ಆಗದು ಎಂಬುದು ಸ್ಪಷ್ಟ. ಆದರೆ ಅಲ್ಲಿಂದ ನೇರವಾಗಿ 67.5ಕ್ಕೆ ಇಳಿಯುವುದು ಹೇಗೆ? ಸಮೀಕರಣ ಬರೆದು ಬಿಡಿಸಲು ಪರೀಕ್ಷೆಯಲ್ಲಿ ಸಮಯ ಸಾಲದು. ವೆನ್ ಚಿತ್ರದಲ್ಲಿ (ಗುಂಪುಗಳನ್ನು ಒಂದರೊಳಗೊಂದು ಹಾಯುವ ವೃತ್ತಗಳಾಗಿ ತೋರಿಸುವ ಚಿತ್ರ) ತೋರಿಸಿದರೂ ಸರಿ, ಬಾಯಿಲೆಕ್ಕದ ದಾರಿ ಇದ್ದರಂತೂ ಇನ್ನೂ ಒಳ್ಳೆಯದು. ದಯವಿಟ್ಟು ಹಂತಗಳ ಸಮೇತ ತಿಳಿಸಿ.