ಸಹಾಯ ಬೇಕು: ಚಿಕನ್ ಕೀಮಾದಲ್ಲಿ ಸ್ವೀಡಿಷ್ ಮೀಟ್‌ಬಾಲ್
ಎಲ್ಲರಿಗೂ ನಮಸ್ಕಾರ. ನಾವಿರೋದು ಸ್ವೀಡನ್‌ನ ಗೋಥೆನ್‌ಬರ್ಗ್‌ನಲ್ಲಿ. ಮೈಸೂರಿಂದ ಅತ್ತೆ ಮಾವ ಬರ್ತಿದ್ದಾರೆ, ಇಲ್ಲಿನ ಮೀಟ್‌ಬಾಲ್ ಮನೇಲೇ ಮಾಡಿ ಬಡಿಸಬೇಕು ಅಂತ ತುಂಬಾ ಆಸೆ. ಇಲ್ಲಿಯವರು ಸಾಮಾನ್ಯವಾಗಿ ದನ, ಹಂದಿ ಕೀಮಾ ಬೆರೆಸಿ ಮಾಡ್ತಾರೆ. ಅವರಿಬ್ಬರೂ ಅದೆರಡೂ ತಿನ್ನಲ್ಲ, ಹಾಗಾಗಿ ಚಿಕನ್. ಹಾಲಲ್ಲಿ ನೆನೆಸಿದ ಬ್ರೆಡ್ ಪುಡಿ, ಬೆಣ್ಣೆಯಲ್ಲಿ ಬಾಡಿಸಿದ ಈರುಳ್ಳಿ, ಆಲ್‌ಸ್ಪೈಸ್ (ಕಾಳುಮೆಣಸಿನ ಥರದ ಒಂದು ಮಸಾಲೆ) ಎಲ್ಲಾ ಹಾಕ್ತೀನಿ. ಆದರೂ ಉಂಡೆ ಕಟ್ಟುವಾಗ ಕೈಗೆ ಅಂಟುತ್ತೆ, ಬೆಂದಮೇಲೆ ಒಣಕಲು. ಅರ್ಧ ಕೆಜಿ ಕೀಮಾಗೆ ಹಾಲು, ಬ್ರೆಡ್ ಪುಡಿ ಎಷ್ಟು? ಮೊಟ್ಟೆ ಬೇಕೇ ಬೇಕಾ?

ಇನ್ನು ಸಾಸ್. ಬಾಣಲೆ ತಳಕ್ಕೆ ಹಿಡಿದ ಕಂದು ಅಂಶಕ್ಕೆ ಸ್ಟಾಕ್, ಕ್ರೀಮ್, ಚೂರು ಸೋಯಾ ಸಾಸ್ ಸೇರಿಸಿ ಕುದಿಸಿದಾಗ ಬರೋ ಪರಿಮಳ ನನಗೆ ಪ್ರಾಣ. ಶೇ 15 ಕೊಬ್ಬಿನ ಅಡುಗೆ ಕ್ರೀಮ್ ಸಾಕಾ, ಶೇ 40ರದ್ದೇ ಬೇಕಾ? ಆಲೂಗಡ್ಡೆ ಮ್ಯಾಶ್, ಲಿಂಗನ್‌ಬೆರಿ (ಹುಳಿ ಇರೋ ಪುಟ್ಟ ಕೆಂಪು ಹಣ್ಣು) ಜಾಮ್ ಚಿಂತೆಯಿಲ್ಲ. ಚಿಕನ್‌ನಲ್ಲಿ ಮಾಡಿದವರು ದಯವಿಟ್ಟು ಅಳತೆ ಸಮೇತ ತಿಳಿಸಿ.