ಸಹಾಯ ಬೇಕು: ಮಾದಪ್ಪನ ಕಥೆಯ ಹಳೆಯ ಕ್ಯಾಸೆಟ್‌ಗಳನ್ನು ಉಳಿಸಿಕೊಳ್ಳಬೇಕಿದೆ

ಎಲ್ಲರಿಗೂ ನಮಸ್ಕಾರ. ಕಂಸಾಳೆ ಬಾರಿಸುತ್ತಾ ಮಾದಪ್ಪನ ಕಥೆ ಹಾಡುವ ದೇವರಗುಡ್ಡರೊಬ್ಬರು 1990ರ ದಶಕದಲ್ಲಿ ನಮ್ಮ ಮನೆಯಲ್ಲಿ ರಾತ್ರಿಯಿಡೀ ಹಾಡಿದ ಮಲೆಮಹದೇಶ್ವರ ಕಾವ್ಯದ ಕ್ಯಾಸೆಟ್‌ಗಳು ನಮ್ಮಲ್ಲಿವೆ. ಹಾಡಿದವರು ಈಗಿಲ್ಲ. ಜೇನಿಗೆ ಹೊರಟ ನೀಲೇಗೌಡ ಹೆಂಡತಿ ಸಂಕಮ್ಮನಿಂದ ಆಣೆ-ಭಾಷೆ ಕೇಳುವ ಭಾಗವಿರುವ ಟೇಪಿನ ಅಂಚಿಗೆ ಬಿಳಿ ಬೂಷ್ಟು ಹಿಡಿದಿದ್ದು, ಟೇಪನ್ನು ಹೆಡ್ಡಿಗೆ ಒತ್ತಿ ಹಿಡಿಯುವ ಪುಟ್ಟ ಸ್ಪಂಜೂ ಕಳಚಿಬಿದ್ದಿರುವುದರಿಂದ ಅದನ್ನು ಹಾಕಿ ಕೇಳಲು ಧೈರ್ಯವಾಗುತ್ತಿಲ್ಲ. ಕಾವ್ಯದ ಈ ಭಾಗವನ್ನು, ಅಂದರೆ ಸಂಕಮ್ಮನ ಸಾಲನ್ನು, ಅಷ್ಟು ನಿಧಾನವಾಗಿ, ಅಷ್ಟು ಮರುಕದಿಂದ ಹಾಡಿದ್ದನ್ನು ನಾನು ಬೇರೆಲ್ಲೂ ಕೇಳಿಲ್ಲ.

ಬೂಷ್ಟು ತೆಗೆದು ಧ್ವನಿಯನ್ನು ಡಿಜಿಟಲ್ ರೂಪಕ್ಕೆ ತರಬಲ್ಲವರು ಮೈಸೂರು, ಚಾಮರಾಜನಗರದ ಸುತ್ತಮುತ್ತ ಇದ್ದರೆ ದಯವಿಟ್ಟು ತಿಳಿಸಿ. ವೆಚ್ಚವನ್ನು ನಾನೇ ಭರಿಸುತ್ತೇನೆ. ಹಾಡಿದವರ ಕುಟುಂಬದ ಒಪ್ಪಿಗೆ ಪಡೆದು, ಎಚ್.ಎಲ್. ನಾಗೇಗೌಡರು ರಾಮನಗರದ ಬಳಿ ಕಟ್ಟಿದ ಜಾನಪದ ಲೋಕಕ್ಕೆ ಒಂದು ಪ್ರತಿಯನ್ನು ಕೊಡುವ ಆಸೆಯಿದೆ. ಇಂತಹ ಸಂಗ್ರಹಗಳಿಗೆ ಧ್ವನಿಮುದ್ರಣ ಒಪ್ಪಿಸಿ ಅನುಭವವಿರುವವರು ಅದರ ಕ್ರಮವನ್ನು ತಿಳಿಸಿಕೊಡಬೇಕಾಗಿ ವಿನಂತಿ.