ಹೊಸ ಕರಾರಿಗೆ ಸಹಿ ಹಾಕುವುದೋ, ರಿಟ್ ಹಾಕುವುದೋ? ಅನುಭವವುಳ್ಳವರು ತಿಳಿಸಿ

ಚಿತ್ರದುರ್ಗದ ಪ್ರಯೋಗಾಲಯ ತಂತ್ರಜ್ಞ: ಸರ್ಕಾರಿ ಅನುದಾನದ ವೈದ್ಯಕೀಯ ಕಾಲೇಜೊಂದರಲ್ಲಿ ಒಂಬತ್ತು ವರ್ಷಗಳಿಂದ ಗುತ್ತಿಗೆಯ ಮೇಲಿದ್ದೇನೆ. ಈಗ ಅದೇ ಹುದ್ದೆಗೆ ನೇರ ನೇಮಕಾತಿಯ ಅಧಿಸೂಚನೆ ಹೊರಬಿದ್ದಿದೆ. ಕಚೇರಿಯವರು ಕೊಟ್ಟಿರುವ ಹೊಸ ಕರಾರಿನಲ್ಲಿ ‘ಮುಂದೆ ಕಾಯಮಾತಿ ಕೇಳುವುದಿಲ್ಲ’ ಎಂಬ ಷರತ್ತಿದೆ. ಸಹಿ ಹಾಕಲೇ, ಹೈಕೋರ್ಟಿಗೆ ರಿಟ್ ಅರ್ಜಿ ಹಾಕಲೇ?

ದಾವಣಗೆರೆಯ ಶುಶ್ರೂಷಕಿ: ನಾನು 2017ರಲ್ಲಿ ಕೋರ್ಟಿಗೆ ಹೋದವಳು. ಮೊದಲು ಸರ್ಕಾರಿ ನೌಕರರ ಪ್ರಕರಣ ಕೇಳುವ ಆಡಳಿತ ನ್ಯಾಯಮಂಡಳಿಗೆ ಅರ್ಜಿ ಹಾಕಿ, ನಮ್ಮದು ಸೊಸೈಟಿಯಾಗಿ ನೋಂದಣಿಯಾದ ಸ್ವಾಯತ್ತ ಸಂಸ್ಥೆ, ನಾವು ರಾಜ್ಯ ಸರ್ಕಾರಿ ನೌಕರರಲ್ಲ ಎಂಬ ಆಕ್ಷೇಪಣೆಯಲ್ಲೇ ಎಂಟು ತಿಂಗಳು ಕಳೆದುಕೊಂಡೆ. ಆಮೇಲೆ ಹೈಕೋರ್ಟಿಗೆ ಹೋದೆ. ಪಕ್ಕದ ಹಾವೇರಿಯವರಿಗೆ ಅದರ ಧಾರವಾಡ ಪೀಠವಿದೆ; ನಮಗೂ ನಿಮಗೂ ಬೆಂಗಳೂರೇ ಗತಿ. ರಾತ್ರಿ ಪಾಳಿ ಮುಗಿಸಿ ಬಸ್ಸು ಹತ್ತಿ, ಮೆಜೆಸ್ಟಿಕ್‌ನಲ್ಲಿ ಮುಖ ತೊಳೆದು, ಕೋರ್ಟ್ ಹಾಲಿನ ಹೊರಗೆ ಸಂಜೆಯವರೆಗೆ ಕಾದು, ಪಟ್ಟಿಯಲ್ಲಿ 84ನೆಯದಾಗಿದ್ದ ನಮ್ಮ ಪ್ರಕರಣದ ಸರದಿ ಬಾರದೆ ಹಿಂದಿರುಗಿದ್ದು ಒಂದು ಸಲವಲ್ಲ, ಹದಿನಾಲ್ಕು ಸಲ. ವಕೀಲರ ಶುಲ್ಕ 45,000 ರೂಪಾಯಿ. ನಾಲ್ವರು ಹಂಚಿಕೊಂಡಿದ್ದೆವು, ಇಬ್ಬರು ನಡುವೆ ಕೈಬಿಟ್ಟರು, ಅವರ ಪಾಲೂ ನಮ್ಮ ತಲೆಗೆ ಬಂತು. ಪ್ರಯಾಣ ಮತ್ತು ಜೆರಾಕ್ಸಿಗೆ 23,600 ಬೇರೆ. ಕೊನೆಗೆ ‘ಮನವಿಯನ್ನು ಮೂರು ತಿಂಗಳಲ್ಲಿ ಪರಿಗಣಿಸಿ’ ಎಂಬ ಆದೇಶವಾಯಿತು. ಕಚೇರಿಯವರು ಎರಡು ಸಾಲಿನ ಹಿಂಬರಹ (ಲಿಖಿತ ಉತ್ತರ) ಕೊಟ್ಟು ತಿರಸ್ಕರಿಸಿದರು. ಎರಡನೆಯ ರಿಟ್‌ನಲ್ಲಿ ತಾತ್ಕಾಲಿಕ ನೌಕರರಿಗೂ ಸಮಾನ ಕೆಲಸಕ್ಕೆ ಸಮಾನ ವೇತನ ಎಂದ ಸುಪ್ರೀಂ ಕೋರ್ಟಿನ 2016ರ ಜಗಜೀತ್ ಸಿಂಗ್ ತೀರ್ಪು ಕೈಹಿಡಿದು, ವೇತನ ಶ್ರೇಣಿಯ ಕನಿಷ್ಠ ಮೊತ್ತ ಸಿಕ್ಕಿತು. ಹಿಂಬಾಕಿ ಮಾತ್ರ ಅರ್ಜಿಗೆ ಹಿಂದಿನ ಮೂರು ವರ್ಷಗಳಿಗಷ್ಟೇ. ಕಾಯಮಾತಿ ಇನ್ನೂ ಆಗಿಲ್ಲ, ಆದರೂ ಹೋದದ್ದು ತಪ್ಪೆಂದು ಯಾರು ಹೇಳಿದರೂ ನಾನು ಒಪ್ಪುವುದಿಲ್ಲ.

ಹಿರಿಯೂರಿನ ನಿವೃತ್ತ: ನಾನು ಸಹಿ ಹಾಕಿದೆ, ಹನ್ನೊಂದು ವರ್ಷ ದುಡಿದೆ. ಬಿಡುವಾಗ ಉಪದಾನ (ಗ್ರಾಚ್ಯುಟಿ) ಕೇಳಿದರೆ, ಪ್ರತಿ ಹನ್ನೊಂದು ತಿಂಗಳಿಗೆ ಎರಡು ದಿನ ಸೇವೆ ಕಡಿದಿದೆ, ಐದು ವರ್ಷದ ನಿರಂತರ ಸೇವೆಯೇ ಇಲ್ಲ ಎಂದರು. ಹಾಜರಾತಿ ಪುಸ್ತಕದಲ್ಲಿ ಕೆಂಪು ಶಾಯಿಯಲ್ಲಿ ‘ಬಿಡುಗಡೆ’ ಎಂದು ಬರೆದಿದ್ದ ಅದೇ ದಿನಾಂಕದಂದು ರಕ್ತದ ಮಾದರಿಗಳ ರಿಜಿಸ್ಟರಿನಲ್ಲಿ ನನ್ನ ಕೈಬರಹವಿತ್ತು. ಆ ಪುಟಗಳ ನಕಲು ಹಿಡಿದು ಕಾರ್ಮಿಕ ಇಲಾಖೆಗೆ ಹೋದೆ. ಕೊನೆಯ ವೇತನ 18,200. ಉಪದಾನದ ಲೆಕ್ಕದಂತೆ ಅದನ್ನು 26ರಿಂದ ಭಾಗಿಸಿ 15ರಿಂದ ಗುಣಿಸಿದರೆ ವರ್ಷಕ್ಕೆ 10,500, ಹನ್ನೊಂದು ವರ್ಷಕ್ಕೆ 1,15,500. ಬಡ್ಡಿ ಸಮೇತ ಬಂತು. ವಕೀಲರಿಲ್ಲದೆ ನನಗಾದ ಖರ್ಚು 640 ರೂಪಾಯಿ.

ಜಗಳೂರಿನ ನೇರ ನೇಮಕಾತಿಯವನು: ನಮ್ಮ ಕಷ್ಟವನ್ನೂ ಕೇಳಿ. ಪರೀಕ್ಷೆ ಬರೆದು ಆಯ್ಕೆಯಾದ ನನ್ನ ಆದೇಶ, ಗುತ್ತಿಗೆಯವರು ತಂದ ತಡೆಯಾಜ್ಞೆಯಿಂದ 26 ತಿಂಗಳು ನಿಂತುಹೋಯಿತು. ಅಷ್ಟೂ ಕಾಲ ಖಾಸಗಿ ಲ್ಯಾಬಿನಲ್ಲಿ 9,000ಕ್ಕೆ ದುಡಿದೆ. ಹಿಂಬಾಗಿಲ ನೇಮಕಾತಿಗೆ ಕಾಯಮಾತಿಯ ಹಕ್ಕಿಲ್ಲವೆಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಉಮಾದೇವಿ ಪ್ರಕರಣದಲ್ಲಿ 10-4-2006ರಂದೇ ಹೇಳಿದೆ, ಅದೂ ನಮ್ಮ ಕರ್ನಾಟಕದ್ದೇ ಪ್ರಕರಣ.

ದಾವಣಗೆರೆಯ ಶುಶ್ರೂಷಕಿ: ‘ಹಿಂಬಾಗಿಲು’ ಎಂಬ ಮಾತನ್ನು ದಯವಿಟ್ಟು ಹಿಂತೆಗೆದುಕೊಳ್ಳಿ. ಪತ್ರಿಕಾ ಪ್ರಕಟಣೆ, ಸಂದರ್ಶನ, ಮೀಸಲಾತಿ ಎಲ್ಲವನ್ನೂ ದಾಟಿಯೇ ನಾನು ಮಂಜೂರಾದ ಹುದ್ದೆಗೆ ಬಂದದ್ದು. ಅದೇ ತೀರ್ಪಿನ 53ನೆಯ ಕಂಡಿಕೆಯನ್ನು ಓದಿ. ಹತ್ತು ವರ್ಷ ದುಡಿದವರನ್ನು ಪರಿಗಣಿಸಬೇಕೆಂದಿದೆ.

ಜಗಳೂರಿನ ನೇರ ನೇಮಕಾತಿಯವನು: ಓದಿಯೇ ಹೇಳುತ್ತಿದ್ದೇನೆ. ಅದು ಒಂದು ಬಾರಿಯ ಕ್ರಮ, ಆ ತೀರ್ಪಿನ ಹೊತ್ತಿಗೆ ಹತ್ತು ವರ್ಷ ಮುಗಿಸಿದ್ದವರಿಗೆ. ತಾವು ಸೇರಿದ್ದು ಯಾವಾಗ?

ದಾವಣಗೆರೆಯ ಶುಶ್ರೂಷಕಿ: 2010ರಲ್ಲಿ. ದೀರ್ಘಕಾಲ ದುಡಿದವರ ವಿರುದ್ಧ ಉಮಾದೇವಿ ತೀರ್ಪನ್ನು ಆಯುಧವಾಗಿಸಬಾರದೆಂದು 2024ರ ಡಿಸೆಂಬರಿನಲ್ಲಿ ಜಗ್ಗೋ ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ನೀವು ಈಗ ಮಾಡುತ್ತಿರುವುದು ಅದನ್ನೇ.

ಹೊರಗುತ್ತಿಗೆಯವಳು, ಹರಿಹರ: ನಿಮ್ಮೆಲ್ಲರ ಕೈಯಲ್ಲಿ ಕಾಲೇಜಿನ ಮೊಹರಿರುವ ಆದೇಶವಾದರೂ ಇದೆ. ಒಂದೇ ವಾರ್ಡಿನಲ್ಲಿ ಏಳು ವರ್ಷ ಇದ್ದ ನನಗೆ ನಾಲ್ಕು ಏಜೆನ್ಸಿಗಳು ಬದಲಾದವು. ಎರಡನೆಯವರು ಸಂಬಳದಲ್ಲಿ ಹಿಡಿದ 14 ತಿಂಗಳ ಪಿಎಫ್ ಹಣವನ್ನು ಕಟ್ಟಲೇ ಇಲ್ಲ. ಕಾಲೇಜಿನವರನ್ನು ಕೇಳಿದರೆ ನೀವು ನಮ್ಮ ನೌಕರರೇ ಅಲ್ಲ ಎನ್ನುತ್ತಾರೆ. ಪ್ರಶ್ನೆ ಕೇಳಿದ ಅಣ್ಣನ ವೇತನ ಚೀಟಿಯ ಮೇಲೆ ಯಾರ ಹೆಸರಿದೆ ಎಂದು ಇಲ್ಲಿ ಒಬ್ಬರಾದರೂ ಕೇಳಿದಿರಾ?